ಎವೆಲಿನ್ ಮತ್ತು ಅವರ ಪಿಟೀಲು

ನಿನ್ನೆ ರಾತ್ರಿ ನಿದ್ದೆ ಬರದೆ ಸುಮ್ನೆ ಹಳೆಯ ಅಮೆರಿಕನ್ ರೇಡಿಯೋ ರೆಕಾರ್ಡಿಂಗ್ ಕೇಳ್ತಾ ಕೂತಿದ್ದೆ. ‘ದಿ ಅವರ್ ಆಫ್ ಚಾರ್ಮ್’ ಅನ್ನೋ ಸಂಗೀತ ಕಾರ್ಯಕ್ರಮ ಸಿಕ್ಕಿತು. ಫಿಲ್ ಸ್ಪಿಟಾಲ್ನಿ ನಡೆಸುತ್ತಿದ್ದ ಆರ್ಕೆಸ್ಟ್ರಾ, 1935ರಿಂದ 1948ರವರೆಗೆ ರೇಡಿಯೋದಲ್ಲಿ ಬರ್ತಿತ್ತು. ನುಡಿಸುವವರೆಲ್ಲ ಹೆಂಗಸರೇ! ಪಿಟೀಲು, ಹಾರ್ಪ್ ಮಾತ್ರ ಅಲ್ಲ, ದೊಡ್ಡ ಆರ್ಕೆಸ್ಟ್ರಾಗಳು ಹೆಂಗಸರ ಕೈಗೆ ಕೊಡೋಕೆ ಹಿಂಜರಿಯುತ್ತಿದ್ದ ಟ್ರಂಪೆಟ್, ಟ್ರೊಂಬೋನ್, ಡ್ರಮ್ಸ್ ಕೂಡ ಅವರದ್ದೇ. ಮುಖ್ಯ ಪಿಟೀಲು ಎವೆಲಿನ್ ಕೇ ಕ್ಲೈನ್. ಕೇಳುಗರಿಗೆ ಅವರು ಬರೀ ‘ಎವೆಲಿನ್ ಮತ್ತು ಅವರ ಮಾಂತ್ರಿಕ ಪಿಟೀಲು’. ಹಾಡುತ್ತಿದ್ದ ಮ್ಯಾಕ್ಸೀನ್, ವಿವಿಯನ್ ಕೂಡ ಮೊದಲ ಹೆಸರಿನಲ್ಲೇ ಪರಿಚಿತರು. ಕಣ್ಣು ಮುಚ್ಚಿ ಕೇಳಿದರೆ ಟ್ರಂಪೆಟ್ ಊದಿದ್ದು ಹೆಂಗಸೋ ಗಂಡಸೋ ಅಂತ ಕಿವಿಗೆ ಗೊತ್ತಾಗಲ್ಲ, ಅಲ್ವಾ? ಆ ಟ್ರಂಪೆಟ್‌ನವರ ಪೂರ್ತಿ ಹೆಸರು ತಿಳಿಯಬೇಕು ಅಂತ ತುಂಬಾ ಆಸೆಯಾಗಿದೆ. ಇವತ್ತು ರಾತ್ರಿ ಇನ್ನೊಂದು ಕಂತು ಕೇಳ್ತೀನಿ.