ಮಾನಿಟರ್‌ನಲ್ಲಿ ಕಾಣದ ಕೀಲಿ

ಅವತ್ತು ಬ್ಯಾಂಕಿಂಗ್ ಸೊನ್ನೆ, ಅಂದರೆ ಮುಂಚೆ ಶೂಟ್ ಮಾಡಿಟ್ಟ ಎಪಿಸೋಡ್ ಒಂದೂ ಕೈಯಲ್ಲಿಲ್ಲ. ನಾನು ಡೈರೆಕ್ಟ್ ಮಾಡುತ್ತಿದ್ದ ಡೈಲಿ ಸೀರಿಯಲ್ಲಿನ, ರಾತ್ರಿ ಪ್ರಸಾರವಾಗಬೇಕಿದ್ದ ಎಪಿಸೋಡಿನ ಕೊನೆಯ ಸೀನ್ ಮಧ್ಯಾಹ್ನ ಎರಡೂವರೆಗೂ ಶೂಟ್ ಆಗಿರಲಿಲ್ಲ. ಸೀನ್ ಪೇಪರ್ ವಾಟ್ಸಾಪ್‌ನಲ್ಲಿ ಬಂದದ್ದೇ ಒಂದೂವರೆಗೆ. ರಾಜರಾಜೇಶ್ವರಿನಗರದ ಬಾಡಿಗೆ ಮನೆ, ಫ್ಯಾನ್ ಹಾಕುವ ಹಾಗಿಲ್ಲ, ಲೈಟಿನ ಸೆಖೆ. ಹತ್ತು ನಿಮಿಷಕ್ಕೊಮ್ಮೆ ಎಕ್ಸಿಕ್ಯೂಟಿವ್ ಪ್ರೊಡ್ಯೂಸರ್ ಫೋನ್. 2017ರ ಮಾತು ಇದು. ಈಗಲೂ ನೆನಪಾದರೆ ಹೊಟ್ಟೆ ಹಿಂಡಿದ ಹಾಗಾಗುತ್ತದೆ.

ಸೀನ್ ಸಣ್ಣದು. ತಾಯಿ ಮನೆಯ ಕೀಲಿ ಗೊಂಚಲನ್ನು ಮಗನಿಗೆ ಕೊಟ್ಟುಬಿಡುತ್ತಾಳೆ. ‘ತಗೊಳ್ಳಪ್ಪಾ, ಇನ್ನು ಈ ಮನೆ ನಿನ್ನದು’ ಅನ್ನುತ್ತಾಳೆ. ಮಗನ ರಿಯಾಕ್ಷನ್, ಸೊಸೆಯ ರಿಯಾಕ್ಷನ್, ಕೊನೆಗೆ ನಾಳೆಯ ಕುತೂಹಲಕ್ಕೊಂದು ಹುಕ್. ಅಷ್ಟೇ.

ತಾಯಿಯ ಪಾತ್ರ ಮಾಡುತ್ತಿದ್ದವರಿಗೆ ಎಪ್ಪತ್ತರ ಹತ್ತಿರ ವಯಸ್ಸು. ಉತ್ತರ ಕರ್ನಾಟಕದ ನಾಟಕ ಕಂಪನಿಗಳಲ್ಲೇ ಬೆಳೆದವರು. ಬಾದಾಮಿ ಹತ್ತಿರದ ಬನಶಂಕರಿ ಜಾತ್ರೆಯಲ್ಲಿ ಕಂಪನಿಗಳು ಸಾಲಾಗಿ ಟೆಂಟ್ ಹಾಕುತ್ತವಲ್ಲ, ಅಲ್ಲಿ ರಾತ್ರಿಯಿಡೀ ಪಕ್ಕದ ಟೆಂಟಿನ ಮೈಕ್ ಸದ್ದನ್ನು ಮೀರಿಸಿ ಪಾತ್ರ ಮಾಡಿದವರು. ಸೆಟ್‌ನಲ್ಲಿ ಎಲ್ಲರಿಗೂ ಅಮ್ಮ. ಲೈಟಿಂಗ್ ಮುಗಿಯುತ್ತಿದ್ದ ಹಾಗೇ ನನ್ನ ಹತ್ತಿರ ಬಂದು, ‘ತಮ್ಮಾ, ಒಮ್ಮೆ ಮಾಡಿ ತೋರಸ್ಲೇನು? ಐದು ನಿಮಿಷ’ ಅಂದರು.

‘ಟೈಮಿಲ್ಲ ಅಮ್ಮಾ, ನೇರ ಟೇಕ್ ಹೋಗೋಣ’ ಅಂದೆ.

ಈ ಮಾತನ್ನು ಬೇರೆ ಯಾರಾದರೂ ಆಡಿದ್ದರೆ ನನಗೆ ಇಷ್ಟು ನೋಯುತ್ತಿರಲಿಲ್ಲ. ನಾನು ಹೆಗ್ಗೋಡಿನ ನೀನಾಸಂನಲ್ಲಿ ನಾಟಕ ಕಲಿತವನು. ಒಂದು ವರ್ಷ ಅವರ ‘ತಿರುಗಾಟ’ ನಾಟಕ ತಂಡದ ಬಸ್ಸಿನಲ್ಲಿ ಊರೂರು ಸುತ್ತಿದ್ದೇನೆ. ತಾಲೀಮು ಅಂದರೆ ಏನು ಅಂತ ನನಗೆ ಯಾರೂ ಹೇಳಿಕೊಡಬೇಕಿರಲಿಲ್ಲ. ಆದರೆ ಬೆಂಗಳೂರಿಗೆ ಬಂದು ಹತ್ತು ವರ್ಷ ಡೈಲಿ ಮಾಡಿದ ಮೇಲೆ ಐದು ನಿಮಿಷ ಅನ್ನೋದು ತುಂಬಾ ದೊಡ್ಡದಾಗಿ ಕಾಣುತ್ತಿತ್ತು. ಐದು ನಿಮಿಷಕ್ಕೆ ಎರಡು ಕ್ಲೋಸ್ ಮುಗಿಯುತ್ತದಲ್ವಾ?

ಇಡೀ ಸೀನ್ ಒಟ್ಟಿಗೆ ಕಾಣುವ ಮಾಸ್ಟರ್ ಶಾಟ್ ಬಿಟ್ಟೆ. ಅಮ್ಮನ ಮುಖ ಮಾತ್ರ ಕಾಣುವ ಟೈಟ್ ಕ್ಲೋಸ್‌ನಿಂದಲೇ ಶುರು ಮಾಡಿದೆ. ನಾನು ಪಕ್ಕದ ರೂಮಿನಲ್ಲಿ, ಮಾನಿಟರ್ ಮುಂದೆ.

ರೋಲಿಂಗ್. ಆ್ಯಕ್ಷನ್.

ಮಗ ತನ್ನ ಮಾತು ಮುಗಿಸಿದ. ಈಗ ಅಮ್ಮನ ಮಾತು. ಅಮ್ಮ ಸುಮ್ಮನಿದ್ದರು.

ಮಾನಿಟರ್‌ನಲ್ಲಿ ಮುಖ ಮಾತ್ರ ಇತ್ತು. ಕಣ್ಣು ಸ್ವಲ್ಪ ಕೆಳಗೆ ಇಳಿದಿತ್ತು. ತುಟಿ ಒಮ್ಮೆ ಬಿಚ್ಚಿ ಮತ್ತೆ ಮುಚ್ಚಿಕೊಂಡಿತು. ಪಕ್ಕದಲ್ಲಿ ಫೋನ್ ಮತ್ತೆ ಅದುರಿತು. ಮಗನ ಪಾತ್ರದ ಹುಡುಗ ಕ್ಯಾಮೆರಾ ಹಿಂದಕ್ಕೆ, ಅಸೋಸಿಯೇಟ್ ಡೈರೆಕ್ಟರ್ ಕಡೆ ನೋಡಿದ. ಅಸೋಸಿಯೇಟ್ ಬಾಗಿಲ ಹತ್ತಿರ ಬಂದು ನನ್ನನ್ನು ನೋಡಿದ. ‘ಮರೆತರು’ ಅಂದುಕೊಂಡೆ. ವಯಸ್ಸಾಯಿತು, ಪೇಪರ್ ಈಗ ತಾನೇ ಕೊಟ್ಟಿದ್ದೇವೆ, ಪಾಪ ಅಂತ. ಕನಿಕರವೂ ಬಂತು, ಸಿಟ್ಟೂ ಬಂತು. ಇನ್ನೂ ಮಾತಿಲ್ಲ. ಹೊರಗೆ ಯಾರದೋ ಸ್ಕೂಟರ್ ಹೋಯಿತು, ಅದೂ ಸೆರಗಿನ ಲೇಪಲ್ ಮೈಕ್‌ಗೆ ಬಿತ್ತು ಅಂತ ಸೌಂಡ್ ಹುಡುಗ ಮುಖ ಕಿವುಚಿದ.

‘ಮಾತು ಕೊಡೋ’ ಅಂತ ಅಸೋಸಿಯೇಟ್‌ಗೆ ಕೈ ಮಾಡಿದೆ.

‘ತಗೊಳ್ಳಪ್ಪಾ, ಇನ್ನು ಈ ಮನೆ ನಿನ್ನದು!’ ಅಸೋಸಿಯೇಟ್ ಕೂಗಿದ.

ಅಮ್ಮನ ಮುಖದಲ್ಲಿ ಏನೋ ಆರಿಹೋಯಿತು. ಅದನ್ನು ಮಾತ್ರ ಮಾನಿಟರ್ ಸರಿಯಾಗಿ ತೋರಿಸಿತು. ಅವರು ಕ್ಯಾಮೆರಾ ದಾಟಿ ನಾನಿದ್ದ ರೂಮಿಗೇ ಬಂದರು. ದನಿ ಏರಿಸಲಿಲ್ಲ.

‘ಮರ್ತಿರ್ಲಿಲ್ಲೋ ತಮ್ಮಾ. ನಿಂತಿದ್ದೆ.’ ಸ್ವಲ್ಪ ತಡೆದು, ‘ನಮ್ಮ ಕಂಪನ್ಯಾಗೂ ಪ್ರಾಂಪ್ಟರ್ ಇರ್ತಿದ್ದ. ನಾವು ಅವನ ಕಡೆ ನೋಡಿದ್ರ ಮಾತ್ರ ಮಾತು ಕೊಡ್ತಿದ್ದ’ ಅಂದರು.

ಆಮೇಲೆ ಹೋಗಿ ನಿಂತರು. ಟೇಕ್ ಎರಡು. ಮಗನ ಮಾತು ಮುಗಿದ ಕೂಡಲೇ ತಮ್ಮ ಮಾತು ಹೇಳಿದರು. ಒಂದಕ್ಷರ ತಪ್ಪಿಲ್ಲ. ಅದರಲ್ಲಿ ಏನೂ ಇರಲಿಲ್ಲ. ನಾನು ‘ಓಕೆ’ ಅಂದೆ.

ಸಂಜೆ ಎಡಿಟ್‌ಗೆ ಹೋದಾಗಲೇ ವಿಷಯ ಗೊತ್ತಾಗಿದ್ದು. ಎಡಿಟರ್ ಮೊದಲ ಟೇಕ್ ಹಾಕಿದ. ಆ ಮೌನ ನನಗೆ ನಿಮಿಷಗಟ್ಟಲೆ ಅನ್ನಿಸಿತ್ತಲ್ಲ, ಟೈಮ್‌ಕೋಡ್ ಪ್ರಕಾರ ಹನ್ನೊಂದು ಸೆಕೆಂಡ್. ಅಮ್ಮನ ಲೇಪಲ್ ಟ್ರ್ಯಾಕ್‌ನಲ್ಲಿ ಆ ಹನ್ನೊಂದು ಸೆಕೆಂಡೂ ಒಂದು ಸಣ್ಣ ಸದ್ದು. ಲೋಹ ಲೋಹಕ್ಕೆ ತಾಗುವ ಸದ್ದು. ಮೊದಲು ಹೊಳೆಯಲಿಲ್ಲ. ಹಿಂದಕ್ಕೆ ಹೋಗಿ ಮತ್ತೆ ಕೇಳಿದೆ. ಕೀಲಿ ಗೊಂಚಲು! ಅವರು ಗೊಂಚಲಿನಿಂದ ಒಂದು ಕೀಲಿಯನ್ನು ಬಿಡಿಸುತ್ತಿದ್ದರು.

ಸೀನ್ ಪೇಪರ್‌ನಲ್ಲಿ ಅದಿರಲಿಲ್ಲ. ಮರುದಿನ ಕೇಳಿದೆ. ದೇವರ ಮನೆ ಕೀಲಿ ಒಂದನ್ನು ಮಾತ್ರ ಬೇರೆ ಮಾಡಿ ಸೆರಗಿಗೆ ಕಟ್ಟಿಕೊಂಡು, ಉಳಿದದ್ದನ್ನು ಮಗನ ಕೈಗೆ ಇಡಬೇಕು ಅಂತ ಅವರೇ ಯೋಚಿಸಿದ್ದರಂತೆ. ಐದು ನಿಮಿಷ ಕೇಳಿದ್ದು ಅದನ್ನು ತೋರಿಸೋದಕ್ಕೆ. ನಾನು ಆ ಬಾಗಿಲು ದಾಟಿ ಹಾಲ್‌ಗೆ ಬಂದು ನಿಂತಿದ್ದರೂ ಸಾಕಿತ್ತು, ಕೈ ಕಾಣುತ್ತಿತ್ತು. ಕ್ಲೋಸ್ ಇಟ್ಟು, ಮಾನಿಟರ್ ನೋಡುತ್ತಾ, ಮರೆವು ಅಂತ ತೀರ್ಮಾನ ಮಾಡಿದೆ.

ಎಡಿಟರ್ ಆ ಟ್ರ್ಯಾಕ್ ಮ್ಯೂಟ್ ಮಾಡಿ ಎರಡನೇ ಟೇಕ್ ಹಾಕಿದ. ಮೇಲೆ ಕೊಳಲು ಬಂತು. ಕ್ಯಾಮೆರಾದ ಮೆಮೊರಿ ಕಾರ್ಡ್ ಅವತ್ತೇ ರಾತ್ರಿ ಫಾರ್ಮ್ಯಾಟ್ ಆಯಿತು.

ತಪ್ಪು ನನ್ನದೇ, ಅದರಲ್ಲಿ ಎರಡು ಮಾತಿಲ್ಲ. ಆದರೆ ಈ ಭಯ ಎಲ್ಲಿಂದ ಬಂತು ಅಂತಲೂ ಹೇಳಬೇಕು. ಗುರುವಾರ ಟಿಆರ್‌ಪಿ ಬರುತ್ತದೆ. ಜೊತೆಗೆ ನಿಮಿಷ ನಿಮಿಷದ ಗ್ರಾಫ್. ಒಮ್ಮೆ ಮೀಟಿಂಗ್‌ನಲ್ಲಿ ಚಾನೆಲ್‌ನವರು ಅದು ಇಳಿದ ಜಾಗಕ್ಕೆ ಬೆರಳಿಟ್ಟು, ‘ಇಲ್ಲಿ ಅಮ್ಮ ಸುಮ್ನೆ ಕಿಟಕಿ ನೋಡ್ತಿದ್ದಾರೆ, ಜನ ಹೊರಟುಹೋದ್ರು’ ಅಂದರು. ಅದೇ ನಿಮಿಷಕ್ಕೆ ಪಕ್ಕದ ಚಾನೆಲ್‌ನಲ್ಲಿ ಏನಿತ್ತು, ಎಷ್ಟು ಮನೆಯಲ್ಲಿ ಕುಕ್ಕರ್ ಕೂಗಿತು, ಯಾರಿಗೆ ಗೊತ್ತು? ಆದರೂ ಅವತ್ತಿನಿಂದ ಸುಮ್ಮನಿರುವ ಮುಖ ಕಂಡರೆ ನನಗೆ ಆ ಬೆರಳೇ ನೆನಪಾಗುತ್ತಿತ್ತು.

ರಂಗಭೂಮಿಯಿಂದ ಟಿವಿಗೆ ಬಂದವರಲ್ಲಿ ನಾನೇನು ಮೊದಲಿಗನಲ್ಲ. ಶಂಕರ್‌ನಾಗ್ ಆಗುಂಬೆಯಲ್ಲಿ ಕೂತು ‘ಮಾಲ್ಗುಡಿ ಡೇಸ್’ ಧಾರಾವಾಹಿ ಮಾಡಿದರು, ಎಂಬತ್ತರ ದಶಕದಲ್ಲಿ ದೂರದರ್ಶನದಲ್ಲಿ ಬಂತು. ಟಿ.ಎನ್. ಸೀತಾರಾಮ್ ಅವರೂ ನಾಟಕದಿಂದಲೇ ಬಂದವರು. ದೂರದರ್ಶನದ ಕಾಲದಲ್ಲಿ ಹದಿಮೂರು ಕಂತಿನ ಲೆಕ್ಕ, ವಾರಕ್ಕೊಂದು ಕಂತು. ಈಗ ವಾರಕ್ಕೆ ಐದೋ ಆರೋ. ಜಾಹೀರಾತು ಬಿಟ್ಟು ದಿನಕ್ಕೆ ಇಪ್ಪತ್ತು ನಿಮಿಷದ ಮೇಲೆ ಕೊಡಬೇಕು. ಕಲಾವಿದರಿಗೆ ಪೇಪರ್ ಒಂದು ಗಂಟೆ ಮುಂಚೆ ಕೈಗೆ ಬಂದರೆ ಅದೇ ದೊಡ್ಡದು. ಹಿಂದಿನ ದಿನ ರಾತ್ರಿಯೇ ಪೇಪರ್ ಕೊಡಿ ಅಂತ ಎಷ್ಟು ಮೀಟಿಂಗ್‌ನಲ್ಲಿ ಕೇಳಿದ್ದೇನೆ. ಮೂರು ದಿನ ಕೊಡುತ್ತಾರೆ, ನಾಲ್ಕನೇ ದಿನ ಮತ್ತೆ ಅದೇ ಮಧ್ಯಾಹ್ನ ಒಂದೂವರೆ.

2019ರಲ್ಲಿ ಒಂದು ನಾಟಕ ಮಾಡಿಸಿದೆ. ನಲವತ್ತು ದಿನ ತಾಲೀಮು, ಬೆಂಗಳೂರಿನ ರಂಗಶಂಕರದಲ್ಲಿ ಶೋ. ಅಲ್ಲಿ ಏಳೂವರೆಗೆ ಬಾಗಿಲು ಹಾಕಿದರೆ ಹಾಕಿದಂತೆ, ಯಾರೇ ಬಂದರೂ ಒಳಗೆ ಬಿಡುವುದಿಲ್ಲ. ನಾನು ಹಿಂದೆ ಲೈಟ್ ಹುಡುಗನ ಪಕ್ಕ ಕೂತಿದ್ದೆ. ಎರಡನೇ ಅಂಕದಲ್ಲಿ ನಟ ಮಾತಿನ ನಡುವೆ ನಿಂತುಬಿಟ್ಟ. ಲೈಟ್ ಹುಡುಗ ಕೈ ಫೇಡರ್ ಮೇಲಿಟ್ಟು ನನ್ನ ಮುಖ ನೋಡಿದ. ‘ಬೇಡ’ ಅಂತ ತಲೆ ಆಡಿಸಿದೆ. ಮರೆತರೆ ಅವನ ಕಣ್ಣು ವಿಂಗ್ ಕಡೆ ಹೋಗುತ್ತದೆ. ತಾಲೀಮಿನಲ್ಲಿ ಎಷ್ಟೋ ಸಲ ನೋಡಿದ್ದೆ. ಅವತ್ತು ಹೋಗಿರಲಿಲ್ಲ. ಅವನು ಉಸಿರು ತೆಗೆದುಕೊಂಡು ಮುಂದಿನ ಮಾತು ಆಡಿದ. ಸಭೆಯಲ್ಲಿ ಒಬ್ಬರೂ ಕೆಮ್ಮಲಿಲ್ಲ.

ಅಲ್ಲಿಯವರೆಗೆ ತಾಲೀಮು ನಟರಿಗಾಗಿ ಅಂತಲೇ ತಿಳಿದಿದ್ದೆ. ಅವರನ್ನು ನಾನು ಓದಲು ಕಲಿಯೋದೂ ಅಲ್ಲೇ. ಆ ಐದು ನಿಮಿಷ ಅಮ್ಮನಿಗೆ ಎಷ್ಟು ಬೇಕಿತ್ತೋ ನನಗೂ ಅಷ್ಟೇ ಬೇಕಿತ್ತು.

ಈಗ ಸೆಟ್‌ನಲ್ಲಿ ಮೊದಲ ಟೇಕ್‌ಗೆ ನಾನು ಕ್ಯಾಮೆರಾ ಪಕ್ಕ ನಿಲ್ಲುತ್ತೇನೆ. ಮಾನಿಟರ್ ಎರಡನೆಯದಕ್ಕೆ. ಪ್ರಾಂಪ್ಟಿಂಗ್ ಕಲಾವಿದರು ನೋಡಿದರೆ ಮಾತ್ರ. ದಿನಕ್ಕೆ ಒಂದು ಸೀನಿನಷ್ಟು ತಡವಾಗುತ್ತದೆ ಅಂತ ಪ್ರೊಡಕ್ಷನ್‌ನವರ ದೂರು ಇದೆ. ಇರಲಿ.

ಸೀರಿಯಲ್ಲಿನಲ್ಲಿ ಅಮ್ಮನ ಕಥೆ 2017ರಲ್ಲೇ ಮುಗಿದಿತ್ತು. ಪಾತ್ರವನ್ನು ಕಾಶಿಗೆ ಕಳಿಸಿಬಿಟ್ಟರು. ವಾಪಸ್ ಕರೆಸಲೇ ಇಲ್ಲ. ನಾನು ತುಂಬಾ ದಿನ ಫೋನ್ ಮಾಡಲಿಲ್ಲ, ಧೈರ್ಯ ಬರಲಿಲ್ಲ. ನಾಟಕದ ಶೋ ಮುಗಿದ ಮಾರನೇ ದಿನ ಮಾಡಿದೆ. ಕ್ಷಮೆ ಕೇಳಿದೆ. ಆ ಮಾತನ್ನು ಬದಿಗೆ ಸರಿಸಿ ಅವರು ಕೇಳಿದ್ದು ಒಂದೇ: ‘ಅವತ್ತಿಂದು ಟಿವ್ಯಾಗ ಕೀಲಿ ಕಾಣಿಸ್ತೇನು?’

‘ಇಲ್ಲಮ್ಮಾ. ಫ್ರೇಮ್‌ನಲ್ಲಿ ಇರಲಿಲ್ಲ.’

ಆ ಕಡೆ ಮಾತಿಲ್ಲ. ಲೈನ್ ಕಟ್ ಆಯಿತೇನೋ ಅನ್ನಿಸಿತು. ‘ಹಲೋ’ ಅನ್ನಲಿಲ್ಲ, ಕಾದೆ. ಸ್ವಲ್ಪ ಹೊತ್ತಿಗೆ ಅವರೇ, ‘ಊಟ ಆತೇನು ತಮ್ಮಾ?’ ಅಂದರು.