ಪರದೆ ಏಳುವ ಮೊದಲೇ ಅಳು: ರೊಸ್ಸಿನಿಯ ಎರ್ಮಿಯೋನೆ

27 ಮಾರ್ಚ್ 2025, ಗುರುವಾರ

ಇವತ್ತಿಗೆ ಸರಿಯಾಗಿ 206 ವರ್ಷದ ಹಿಂದೆ, 1819ರ ಮಾರ್ಚ್ 27ರಂದು, ನೇಪಲ್ಸ್‌ನ ಸಾನ್ ಕಾರ್ಲೋ ಥಿಯೇಟರಿನಲ್ಲಿ ಇಟಲಿಯ ಸಂಗೀತಗಾರ ರೊಸ್ಸಿನಿಯ 'ಎರ್ಮಿಯೋನೆ' ಅನ್ನುವ ಒಪೆರಾ, ಅಂದರೆ ಹಾಡಿನಲ್ಲೇ ನಡೆಯುವ ನಾಟಕ, ಮೊದಲ ಸಲ ರಂಗಕ್ಕೆ ಬಂತು. ಬೆರಳೆಣಿಕೆಯಷ್ಟು ಆಟ ಆಗಿ ನಿಂತೂ ಹೋಯಿತು. ಆಮೇಲೆ ರೊಸ್ಸಿನಿ ಬದುಕಿದ್ದಷ್ಟು ಕಾಲ, ಅಂದರೆ 1868ರವರೆಗೆ, ಯಾರೂ ಅದನ್ನು ರಂಗದ ಮೇಲೆ ತರಲಿಲ್ಲ. ಮತ್ತೆ ಜನರ ಕಿವಿಗೆ ಬಿದ್ದಿದ್ದು 1977ರಲ್ಲಿ, ಸಿಯೆನಾ ಊರಿನಲ್ಲಿ, ಅದೂ ಅಭಿನಯ ಇಲ್ಲದೆ ಬರೀ ಕಛೇರಿಯ ರೂಪದಲ್ಲಿ. ರಂಗಸಜ್ಜಿಕೆ ಸಮೇತ ನೋಡಬೇಕೆಂದರೆ 1987ರವರೆಗೆ ಕಾಯಬೇಕಾಯಿತು. ರೊಸ್ಸಿನಿಯ ಹುಟ್ಟೂರು ಪೆಸಾರೋದಲ್ಲಿ ಅವನ ಹೆಸರಿನಲ್ಲೇ ನಡೆಯುವ ಉತ್ಸವದಲ್ಲಿ ಅದು ಆಯಿತು. ಮೋನ್ಸೆರಾತ್ ಕಬಾಯೆ, ಮ್ಯಾರಿಲಿನ್ ಹಾರ್ನ್ ಅಂಥ ದೊಡ್ಡ ದೊಡ್ಡವರು ಹಾಡಿದ್ದರು.

ಇಷ್ಟು ಕಾಲ ಪೆಟ್ಟಿಗೆಯಲ್ಲಿ ಮುಚ್ಚಿಟ್ಟಿದ್ದ ಒಪೆರಾ ಅಂದರೆ ಏನೋ ಕೊರತೆ ಇರಬೇಕು ಅಂತ ಯಾರಿಗಾದರೂ ಅನಿಸುತ್ತದೆ. ನನಗೆ ಹಾಗೆ ಅನಿಸುವುದಿಲ್ಲ. ರೊಸ್ಸಿನಿ ಬರೆದ ಗಂಭೀರ ಒಪೆರಾಗಳಲ್ಲಿ ಇದರಷ್ಟು ಧೈರ್ಯದ್ದು ಇನ್ನೊಂದಿಲ್ಲ ಅನ್ನುವುದು ನನ್ನ ಗಟ್ಟಿ ಅಭಿಪ್ರಾಯ. ರಾತ್ರಿ ಊಟ ಮುಗಿಸಿ ಮೊದಲ ಅಂಕ ಪೂರ್ತಿ ಕೇಳಿದೆ, ತಲೆಯಲ್ಲಿ ಇನ್ನೂ ಅದೇ ಸುತ್ತುತ್ತಿದೆ.

ಮೊದಲು ಕಥೆ ಹೇಳಿಬಿಡುತ್ತೇನೆ, ಇಲ್ಲದಿದ್ದರೆ ಮುಂದಿನದು ತಿಳಿಯುವುದಿಲ್ಲ. ಗ್ರೀಕರು ಗೆದ್ದ ಟ್ರಾಯ್ ಯುದ್ಧ ಮುಗಿದಿದೆ. ಊರು ಸುಟ್ಟು ಬೂದಿಯಾಗಿದೆ. ಅಖಿಲೀಸನ ಮಗ ಪಿರ್ರೋ ತನ್ನ ರಾಜ್ಯ ಎಪಿರಸ್‌ಗೆ ವಾಪಸ್ ಬಂದಿದ್ದಾನೆ. ಜೊತೆಗೆ ಸೆರೆಯಾಳಾಗಿ ಆಂಡ್ರೊಮಾಕಾಳನ್ನು ಎಳೆದು ತಂದಿದ್ದಾನೆ. ಅವಳು ಟ್ರಾಯ್‌ನ ರಾಜಕುಮಾರ ಹೆಕ್ಟರನ ವಿಧವೆ. ಹೆಕ್ಟರನನ್ನು ಕೊಂದವನು ಯಾರು? ಇದೇ ಪಿರ್ರೋನ ಅಪ್ಪ. ಅವಳ ಮಾವ, ಮುದುಕ ರಾಜ ಪ್ರಿಯಾಮನನ್ನು ಕೊಂದವನು ಸ್ವತಃ ಪಿರ್ರೋ. ಈಗ ಅವನಿಗೆ ಅವಳ ಮೇಲೇ ಮನಸ್ಸು. ಮದುವೆಯಾಗುತ್ತೇನೆ ಎಂದು ಅವನು ಯಾರಿಗೆ ಮಾತು ಕೊಟ್ಟಿದ್ದನೋ ಆ ಎರ್ಮಿಯೋನೆ, ಮೆನೆಲಾಸ್ ಮತ್ತು ಹೆಲೆನರ ಮಗಳು, ಅದೇ ಅರಮನೆಯಲ್ಲಿ ಕೂತು ಇದನ್ನೆಲ್ಲ ನೋಡುತ್ತಿದ್ದಾಳೆ. ಅಷ್ಟರಲ್ಲಿ ಗ್ರೀಕರ ರಾಯಭಾರಿಯಾಗಿ ಅಗಮೆಮ್ನಾನನ ಮಗ ಒರೆಸ್ತೆ ಬರುತ್ತಾನೆ. ಹೆಕ್ಟರನ ಮಗ ಬದುಕಿದ್ದರೆ ನಾಳೆ ಸೇಡು ತೀರಿಸಿಕೊಳ್ಳುತ್ತಾನೆ, ಆ ಹುಡುಗನನ್ನು ಮುಗಿಸಬೇಕು ಅನ್ನುವುದು ಅವನು ತಂದ ಸಂದೇಶ. ಅವನು ಓಡೋಡಿ ಬಂದಿದ್ದಕ್ಕೆ ನಿಜವಾದ ಕಾರಣ ಮಾತ್ರ ಎರ್ಮಿಯೋನೆ.

ಒರೆಸ್ತೆಗೆ ಎರ್ಮಿಯೋನೆ ಬೇಕು, ಎರ್ಮಿಯೋನೆಗೆ ಪಿರ್ರೋ ಬೇಕು, ಪಿರ್ರೋಗೆ ಆಂಡ್ರೊಮಾಕಾ ಬೇಕು, ಆಂಡ್ರೊಮಾಕಾಗೆ ಬೇಕಾದವನು ಸತ್ತಿದ್ದಾನೆ.

ಲಿಬ್ರೆಟ್ಟೋ, ಅಂದರೆ ಒಪೆರಾದ ಸಾಹಿತ್ಯ, ಬರೆದವನು ಆಂದ್ರೆಯಾ ಲಿಯೋನೆ ತೊತ್ತೋಲಾ. ಅವನು ತೆಗೆದುಕೊಂಡಿದ್ದು ನೇರವಾಗಿ ಗ್ರೀಕ್ ನಾಟಕವನ್ನಲ್ಲ, ಫ್ರೆಂಚ್ ಕವಿ ರಾಸೀನ್ 1667ರಲ್ಲಿ ಬರೆದ 'ಆಂಡ್ರೊಮಾಕ್' ನಾಟಕವನ್ನು. ಇಲ್ಲೊಂದು ವಿಷಯ ನನ್ನನ್ನು ತುಂಬ ಕಾಡುತ್ತದೆ. ಗ್ರೀಕ್ ನಾಟಕಕಾರ ಯೂರಿಪಿಡೀಸನ 'ಟ್ರೋಜನ್ ಹೆಂಗಸರು' ನಾಟಕದಲ್ಲಿ ಹೆಕ್ಟರನ ಮಗ, ಆ ಪುಟ್ಟ ಹುಡುಗ ಅಸ್ತಿಯಾನಾಕ್ಸ್‌ನನ್ನು ಗ್ರೀಕರು ಟ್ರಾಯ್‌ನ ಕೋಟೆ ಗೋಡೆಯಿಂದ ಕೆಳಗೆ ಎಸೆದು ಸಾಯಿಸುತ್ತಾರೆ. ರಾಸೀನ್ ಅವನನ್ನು ಬದುಕಿಸಿಕೊಂಡ. ಬೇರೆ ಮಗುವನ್ನು ತೋರಿಸಿ ತಾಯಿ ಗ್ರೀಕರನ್ನು ನಂಬಿಸಿದಳು ಅಂತ ಮಾಡಿಕೊಂಡ. ಹಾಗಾಗಿ ಹಳೆಯ ಕಥೆಯಲ್ಲಿ ಸತ್ತ ಮಗು ನೇಪಲ್ಸ್‌ನ ರಂಗದ ಮೇಲೆ ಉಸಿರಾಡುತ್ತಾ ನಿಂತಿದೆ. ಅವನಿಗೆ ಒಂದು ಸಾಲೂ ಹಾಡಿಲ್ಲ. ಸುಮ್ನೆ ನಿಂತಿರುತ್ತಾನೆ. ಅವನು ಬದುಕಬೇಕೋ ಬೇಡವೋ ಅಂತ ಉಳಿದವರು ಎರಡು ಅಂಕ ಹಾಡುತ್ತಾರೆ.

ಈಗ ನಾನು ಹೇಳಲೇಬೇಕು ಅಂದುಕೊಂಡಿದ್ದ ಜಾಗಕ್ಕೆ ಬರುತ್ತೇನೆ. ಓವರ್ಚರ್, ಅಂದರೆ ಪರದೆ ಏಳುವ ಮೊದಲು ವಾದ್ಯದವರು ಮಾತ್ರ ನುಡಿಸುವ ಭಾಗ. ಆ ಕಾಲದಲ್ಲಿ ಅದಕ್ಕೂ ಕಥೆಗೂ ಸಂಬಂಧ ಇರಲೇಬೇಕು ಅಂತ ಏನಿರಲಿಲ್ಲ. ಎಲ್ಲರಿಗೂ ಗೊತ್ತಿರುವ 'ಸೆವಿಲ್ಲೆಯ ಕ್ಷೌರಿಕ'ದ ಓವರ್ಚರ್ ಅದಕ್ಕೆ ಮೊದಲು ಎರಡು ಗಂಭೀರ ಒಪೆರಾಗಳಲ್ಲಿ ಕೆಲಸ ಮಾಡಿ ಬಂದಿತ್ತು. ಜನ ಮಾತಾಡುತ್ತಾ, ಜಾಗ ಹುಡುಕಿಕೊಳ್ಳುತ್ತಾ ಕೇಳುವ ಸಂಗೀತ ಅದು. ಎರ್ಮಿಯೋನೆಯ ಓವರ್ಚರ್ ಕೂಡ ಮಾಮೂಲಿಯಂತೆ ಶುರುವಾಗುತ್ತದೆ. ಇದ್ದಕ್ಕಿದ್ದ ಹಾಗೆ ಮುಚ್ಚಿದ ಪರದೆಯ ಹಿಂದಿನಿಂದ ಮನುಷ್ಯರ ದನಿ ಕೇಳಿಸುತ್ತದೆ. ಟ್ರಾಯ್‌ನ ಸೆರೆಯಾಳುಗಳು. ನಿಧಾನವಾಗಿ, ಒಟ್ಟಾಗಿ, ಟ್ರಾಯ್, ಒಂದು ಕಾಲಕ್ಕೆ ನೀನು ಹೇಗಿದ್ದೆ, ಈಗ ನಿನ್ನದು ಅಂತ ಏನು ಉಳಿಯಿತು ಅಂತ ಹಾಡುತ್ತಾರೆ. ವಾದ್ಯಗಳು ಮತ್ತೆ ಓಡಲು ನೋಡುತ್ತವೆ, ಆ ದನಿ ಮತ್ತೆ ಬಂದು ತಡೆಯುತ್ತದೆ.

ಅವತ್ತು ಸಾನ್ ಕಾರ್ಲೋದಲ್ಲಿ ಕೂತಿದ್ದವರಿಗೆ ಏನನಿಸಿರಬಹುದು! ಹಾಡುವವರು ಕಾಣುವುದಿಲ್ಲ, ಯಾರೆಂದು ಗೊತ್ತಿಲ್ಲ, ಕಥೆ ಇನ್ನೂ ಶುರುವಾಗಿಲ್ಲ. ಆದರೆ ಸೋತವರ ಅಳು ಆಗಲೇ ಕಿವಿಗೆ ಬಿದ್ದಿದೆ. ಆಮೇಲೆ ಈ ರಾಜಕುಮಾರ ರಾಜಕುಮಾರಿಯರು ನನಗೆ ಅವಳು ಬೇಕು, ಇವನು ಬೇಕು ಅಂತ ಎಷ್ಟೇ ಚೆಂದವಾಗಿ ಹಾಡಿಕೊಳ್ಳಲಿ, ಇದೆಲ್ಲ ಯಾರ ಬೂದಿಯ ಮೇಲೆ ನಡೆಯುತ್ತಿದೆ ಅನ್ನುವುದು ಮರೆಯುವುದಿಲ್ಲ. ನಮ್ಮ ಮಹಾಭಾರತದ ಸ್ತ್ರೀಪರ್ವ ಓದಿದವರಿಗೆ ಈ ಅಳು ತಕ್ಷಣ ಗುರುತು ಸಿಗುತ್ತದೆ. ಯುದ್ಧ ಗೆದ್ದವರ ಕಥೆಯಲ್ಲೂ ಒಂದು ಕಡೆ ನಿಂತು ಹೆಂಗಸರ ಗೋಳು ಕೇಳಲೇಬೇಕು. ರೊಸ್ಸಿನಿ ಅದನ್ನು ಎಲ್ಲಕ್ಕಿಂತ ಮೊದಲೇ ಇಟ್ಟುಬಿಟ್ಟ. ಆಗ ಅವನ ವಯಸ್ಸು 27.

ಪರದೆ ಎದ್ದ ಮೇಲೆ ಮೊದಲ ದೃಶ್ಯವೂ ಸೆರೆಮನೆಯದ್ದೇ. ಆಂಡ್ರೊಮಾಕಾ ಮಗನನ್ನು ನೋಡಲು ಬರುತ್ತಾಳೆ, ಸ್ವಲ್ಪ ಹೊತ್ತು ಮಾತ್ರ ಬಿಟ್ಟಿದ್ದಾರೆ. ಅವನ ಮುಖದಲ್ಲಿ ಗಂಡನನ್ನು ಹುಡುಕುತ್ತಾಳೆ. ಈ ಪಾತ್ರ ಮೊದಲು ಹಾಡಿದವಳು ರೋಸ್ಮುಂಡಾ ಪಿಸಾರೋನಿ, ಕಾಂಟ್ರಾಲ್ಟೋ, ಹೆಣ್ಣಿನ ದನಿಗಳಲ್ಲಿ ಎಲ್ಲಕ್ಕಿಂತ ಕೆಳಗಿನದು. ದುಃಖ ಮೇಲಿನ ಸ್ವರದಲ್ಲಿ ಚೀರುವುದಿಲ್ಲ, ಕೆಳಗೇ ಕೂತಿರುತ್ತದೆ. ಚೀರುವ ಕೆಲಸ ಎರ್ಮಿಯೋನೆಗೆ.

ಕಣ್ಣು ಎಳೆಯುತ್ತಿದೆ. ಎರಡನೇ ಅಂಕ ಶನಿವಾರಕ್ಕೆ.

29 ಮಾರ್ಚ್ 2025, ಶನಿವಾರ

ಮಧ್ಯಾಹ್ನ ಮನೆಯಲ್ಲಿ ಯಾರೂ ಇರಲಿಲ್ಲ. ಬಾಗಿಲು ಹಾಕಿಕೊಂಡು ಜೋರಾಗಿಯೇ ಇಟ್ಟು ಕೇಳಿದೆ.

ಎರ್ಮಿಯೋನೆ ಪಾತ್ರ ಬರೆದಿದ್ದೇ ಇಸಬೆಲ್ಲಾ ಕೋಲ್ಬ್ರಾನ್‌ಗಾಗಿ. ಮ್ಯಾಡ್ರಿಡ್‌ನಲ್ಲಿ ಹುಟ್ಟಿದವಳು, ಆಗ ಸಾನ್ ಕಾರ್ಲೋದ ರಾಣಿ. ಮುಂದೆ 1822ರಲ್ಲಿ ರೊಸ್ಸಿನಿಯನ್ನು ಮದುವೆಯೂ ಆದಳು. ಥಿಯೇಟರಿನ ಯಜಮಾನಿಕೆ ದೊಮೆನಿಕೋ ಬಾರ್ಬಾಯಾನದ್ದು. ಜೂಜಿನ ಮೇಜುಗಳಿಂದ ಹಣ ಮಾಡಿದವನು, ಆ ಹಣದಲ್ಲಿ ಇಡೀ ಯುರೋಪೇ ಹೊಟ್ಟೆಕಿಚ್ಚು ಪಡುವಂಥ ಗಾಯಕರನ್ನು ಸೇರಿಸಿದ್ದ. 1816ರಲ್ಲಿ ಥಿಯೇಟರ್ ಬೆಂಕಿಗೆ ಸುಟ್ಟುಹೋದಾಗ ಒಂದು ವರ್ಷ ತುಂಬುವ ಮೊದಲೇ ಮತ್ತೆ ಕಟ್ಟಿ ನಿಲ್ಲಿಸಿದ. ಅವನ ಬಳಿ ಟೆನರ್‌ಗಳು, ಅಂದರೆ ಗಂಡಸರ ಮೇಲಿನ ದನಿಯಲ್ಲಿ ಹಾಡುವವರು, ಎಷ್ಟಿದ್ದರೆಂದರೆ ಈ ಒಪೆರಾದಲ್ಲಿ ಮುಖ್ಯ ಗಂಡು ಪಾತ್ರ ಮೂರೂ ಟೆನರ್‌ಗಳದ್ದೇ. ಪಿರ್ರೋಗೆ ಆಂದ್ರೆಯಾ ನೊಜ್ಜಾರಿ, ಕೆಳಗಿನ ಸ್ವರದಲ್ಲೂ ಗುಡುಗುವ ಭಾರದ ದನಿ. ಒರೆಸ್ತೆಗೆ ಜೊವಾನ್ನಿ ದಾವಿದ್, ಮೇಲಕ್ಕೆ ಹಾರುವ ಹಗುರ ದನಿ. ಒರೆಸ್ತೆಯ ಗೆಳೆಯ ಪಿಲಾದೆಗೆ ಚಿಚ್ಚಿಮಾರ್ರಾ. ಇವತ್ತು ಈ ಒಪೆರಾ ಆಡಿಸುವುದು ಕಷ್ಟ ಆಗಿರುವುದಕ್ಕೆ ಇದೂ ಒಂದು ಕಾರಣ. ಇಂಥ ಟೆನರ್‌ಗಳು ಒಂದೇ ಊರಲ್ಲಿ ಒಂದೇ ತಿಂಗಳಲ್ಲಿ ಸಿಗಬೇಕಲ್ಲ.

ಎರಡನೇ ಅಂಕದಲ್ಲಿ ಆಂಡ್ರೊಮಾಕಾ ಕೊನೆಗೂ ಪಿರ್ರೋನನ್ನು ಮದುವೆಯಾಗಲು ಒಪ್ಪುತ್ತಾಳೆ. ಅವಳ ಮನಸ್ಸಿನ ಲೆಕ್ಕ ಬೇರೆ: ಮಗನನ್ನು ಕಾಪಾಡುತ್ತೇನೆಂದು ದೇವರ ಮುಂದೆ ಅವನಿಂದ ಆಣೆ ಮಾಡಿಸಿಕೊಂಡು, ತಾನು ಅಲ್ಲೇ ಪ್ರಾಣ ಬಿಡುವುದು. ಎರ್ಮಿಯೋನೆಗೆ ಇದು ಗೊತ್ತಿಲ್ಲ. ಅವಳಿಗೆ ಕಾಣುವುದು ಮದುವೆ ಮಾತ್ರ.

ಇಲ್ಲಿಂದ ಶುರುವಾಗುತ್ತದೆ ಅವಳ ದೊಡ್ಡ ದೃಶ್ಯ. ಮೊದಲು ಫೆನಿಚಿಯೋನನ್ನು, ಪಿರ್ರೋನನ್ನು ಸಾಕಿದ ಮುದುಕನನ್ನು, ಬೇಡಿಕೊಳ್ಳುತ್ತಾಳೆ. ಹೋಗಿ ಹೇಳು, ನಾನು ಅಳುವುದನ್ನು ನೋಡಿದೆ ಅಂತ ಹೇಳು. ಎಷ್ಟು ಮೆತ್ತಗಿನ ರಾಗ ಅಂದರೆ ಇಷ್ಟು ಹೊತ್ತು ಬೆಂಕಿ ಕಾರುತ್ತಿದ್ದವಳು ಇವಳೇನಾ ಅನಿಸುತ್ತದೆ. ಅಷ್ಟರಲ್ಲಿ ಮದುವೆಯ ಮೆರವಣಿಗೆಯ ಸದ್ದು. ಅವಳ ಹಾಡು ಅಲ್ಲೇ ಮುರಿಯುತ್ತದೆ. ಪದ್ಧತಿ ಪ್ರಕಾರ ಆ ಕಾಲದ ನಾಯಕಿ ಮೊದಲು ನಿಧಾನದ ಭಾಗ ಹಾಡಿ ಮುಗಿಸಬೇಕು, ನಡುವೆ ಏನಾದರೂ ಸುದ್ದಿ ಬರಬೇಕು, ಆಮೇಲೆ ವೇಗದ ಭಾಗ, ಆಮೇಲೆ ಚಪ್ಪಾಳೆ. ಇಲ್ಲಿ ಒಂದು ಭಾಗ ಮುಗಿಯುವುದಕ್ಕೂ ಬಿಡದೆ ಇನ್ನೊಂದು ನುಗ್ಗುತ್ತದೆ. ಸಿಟ್ಟು, ಅಳು, ಪ್ರೀತಿ, ಮತ್ತೆ ಸಿಟ್ಟು. ಕೇಳುವವರಿಗೂ ಎಲ್ಲಿ ಉಸಿರು ತೆಗೆದುಕೊಳ್ಳಬೇಕು ಅಂತ ತಿಳಿಯುವುದಿಲ್ಲ. ಕೊನೆಗೆ ಒರೆಸ್ತೆ ಬರುತ್ತಾನೆ. ಅವಳು ಅವನ ಕೈಗೆ ಕಠಾರಿ ಕೊಡುತ್ತಾಳೆ.

ಅವನು ಹೋದ ಮೇಲೆ ಏನು ಮಾಡಿಬಿಟ್ಟೆ ಅಂತ ಅವಳಿಗೆ ಜೀವ ಹೋದಂತಾಗುತ್ತದೆ. ತಡೆಯಲು ನೋಡಿದರೆ ಸಮಯ ಮೀರಿದೆ. ಒರೆಸ್ತೆ ರಕ್ತ ಹತ್ತಿದ ಕಠಾರಿ ಹಿಡಿದು, ನಿನ್ನ ಸೇಡು ತೀರಿತು ಎಂದು ಹೆಮ್ಮೆಯಿಂದ ಬರುತ್ತಾನೆ, ಪಾಪ. ಅವಳು ಅವನ ಮೇಲೆ ಹರಿಹಾಯುತ್ತಾಳೆ. ನನ್ನ ಬಾಯಿ ಹೇಳಿದ್ದನ್ನು ಕೇಳಿದೆಯಲ್ಲ, ನನ್ನ ಎದೆಯಲ್ಲಿ ಏನಿತ್ತು ಅಂತ ನಿನಗೆ ಕಾಣಲಿಲ್ಲವಾ ಅನ್ನುವ ಅರ್ಥದ ಮಾತುಗಳು. ಜನ ಬೆನ್ನಟ್ಟಿ ಬರುತ್ತಿದ್ದಾರೆಂದು ಪಿಲಾದೆ ಮತ್ತು ಹಡಗಿನವರು ಒರೆಸ್ತೆಯನ್ನು ಎಳೆದುಕೊಂಡು ಹೋಗುತ್ತಾರೆ. ಎರ್ಮಿಯೋನೆ ಕುಸಿದು ಬೀಳುತ್ತಾಳೆ. ಅಷ್ಟೇ, ಮುಗಿಯಿತು.

ರಾಸೀನ್‌ನಲ್ಲಿ ಅವಳು ಪಿರ್ರೋನ ಹೆಣದ ಮೇಲೆಯೇ ಪ್ರಾಣ ಬಿಡುತ್ತಾಳೆ. ಇಲ್ಲಿ ಆ ಬಿಡುಗಡೆಯೂ ಇಲ್ಲ. ಪ್ರೈಮಾ ಡೊನ್ನಾ, ಅಂದರೆ ಮುಖ್ಯ ಗಾಯಕಿ, ಮುಂದೆ ಬಂದು ನಿಂತು ಕಡೆಯಲ್ಲೊಂದು ಮಿಂಚಿನ ಹಾಡು ಹಾಡಿ ಎಲ್ಲರಿಗೂ ಸಮಾಧಾನ ಹೇಳುವುದು ಆಗಿನ ರೂಢಿ. ಅದನ್ನೂ ಕೊಟ್ಟಿಲ್ಲ. ಅಷ್ಟು ದೊಡ್ಡ ಗಾಯಕಿಗೆ ಅಂಥ ಹಾಡು ಇಲ್ಲದೆ ತೆರೆ ಎಳೆಯುವುದು ಸಣ್ಣ ಮಾತಲ್ಲ. ನೇಪಲ್ಸ್‌ನವರಿಗೆ ಇದು ಹಿಡಿಸದೇ ಹೋಗಿದ್ದರಲ್ಲಿ ಆಶ್ಚರ್ಯ ಏನಿಲ್ಲ ಅನಿಸುತ್ತದೆ. ಚಪ್ಪಾಳೆ ತಟ್ಟುವುದಕ್ಕೇ ಜಾಗ ಬಿಟ್ಟಿಲ್ಲ ಅಲ್ವಾ? ರೊಸ್ಸಿನಿಗೂ ಈ ಸೋಲು ನಾಟಿರಬೇಕು. ಅದೇ ಏಪ್ರಿಲ್‌ನಲ್ಲಿ ವೆನಿಸ್‌ಗೆ ಒಪ್ಪಿಸಬೇಕಿದ್ದ 'ಎದುವಾರ್ದೋ ಎ ಕ್ರಿಸ್ತೀನಾ'ಗೆ ಇದರ ಕೆಲವು ಭಾಗಗಳನ್ನು ಕಿತ್ತು ಹಾಕಿಕೊಂಡ. ವೆನಿಸ್‌ನವರು ಅದನ್ನು ಮೆಚ್ಚಿ ಕುಣಿದರು.

ಅದಕ್ಕಿಂತ ಮುಖ್ಯವಾದದ್ದು ಅದೇ ವರ್ಷದ ಅಕ್ಟೋಬರ್. ಅದೇ ಥಿಯೇಟರ್. ಅದೇ ಕೋಲ್ಬ್ರಾನ್, ಪಿಸಾರೋನಿ, ನೊಜ್ಜಾರಿ, ದಾವಿದ್. ಅದೇ ತೊತ್ತೋಲಾ. ಈ ಸಲ ಕಥೆ ಮಾತ್ರ ಸ್ಕಾಟ್‌ಲೆಂಡಿನ ಸರೋವರ, ಬೆಟ್ಟ, ಬೇಟೆಗಾರರದ್ದು. 'ಲಾ ದೊನ್ನಾ ದೆಲ್ ಲಾಗೋ', ವಾಲ್ಟರ್ ಸ್ಕಾಟ್‌ನ ಕಾವ್ಯದಿಂದ ತೆಗೆದದ್ದು. ಅದು ಊರೂರು ಸುತ್ತಿತು. ಮುಂದೆ ಇಟಲಿಯ ಒಪೆರಾ ಹಿಡಿದ ದಾರಿಯೂ ಅದೇ: ಮಂಜು, ಕೋಟೆ, ಹುಚ್ಚು ಹಿಡಿದ ವಧು. ಗ್ರೀಕ್ ದೇವತೆಗಳು, ವೀರರು ಮೆಲ್ಲಗೆ ಬದಿಗೆ ಸರಿದರು. ಒಪೆರಾ ಅನ್ನುವುದು ಹುಟ್ಟಿದ್ದೇ 1600ರ ಆಸುಪಾಸಿನಲ್ಲಿ ದಾಫ್ನೆ, ಆರ್ಫಿಯಸ್ ಅಂಥವರ ಕಥೆಗಳಿಂದ. ಅಲ್ಲಿಂದ ಲೆಕ್ಕ ಹಾಕಿದರೆ ಎರಡು ಶತಮಾನಕ್ಕೂ ಜಾಸ್ತಿ ನಡೆದು ಬಂದ ಸಾಲಿನಲ್ಲಿ ಎರ್ಮಿಯೋನೆ ಬಹಳ ತಡವಾಗಿ ಬಂದವಳು.

ಆದರೂ ಈ ಹೆಂಗಸು ಪೂರ್ತಿ ಮಾಯವಾಗಲಿಲ್ಲ ಅಂತ ನನ್ನ ನಂಬಿಕೆ. 1813ರಲ್ಲಿ ಇದೇ ಸಾನ್ ಕಾರ್ಲೋದಲ್ಲಿ ಇದೇ ಕೋಲ್ಬ್ರಾನ್ ಮೆಡೆಯಾ ಆಗಿ ಹಾಡಿದ್ದಳು. ಗಂಡ ಕೈಬಿಟ್ಟ ಸಿಟ್ಟಿಗೆ ತನ್ನ ಮಕ್ಕಳನ್ನೇ ಕೊಂದ ಗ್ರೀಕ್ ಕಥೆಯ ಹೆಂಗಸು ಮೆಡೆಯಾ. ಸಿಮೋನ್ ಮಾಯರ್‌ನ 'ಮೆಡೆಯಾ ಇನ್ ಕೊರಿಂತೋ'. ಮಾಯರ್ ಬವೇರಿಯಾದವನು, ಇಟಲಿಯ ಬೆರ್ಗಾಮೋದಲ್ಲಿ ನೆಲೆಸಿ, ಮುಂದೆ ಒಪೆರಾಗಳಿಗೆ ಹೆಸರಾದ ದೋನಿಜೆತ್ತಿಗೆ ಪಾಠ ಹೇಳಿದವನು. ಲಿಬ್ರೆಟ್ಟೋ ಫೆಲಿಚೆ ರೊಮಾನಿಯದ್ದು, ಅವನಿನ್ನೂ ಹೊಸಬ. ಮುಂದೆ ಆ ಮೆಡೆಯಾ ಪಾತ್ರವನ್ನು ಪ್ಯಾರಿಸ್, ಲಂಡನ್‌ಗಳಲ್ಲಿ ಹಾಡಿ ಹೆಸರು ಮಾಡಿದವಳು ಜುದಿತ್ತಾ ಪಾಸ್ತಾ. 1831ರ ಡಿಸೆಂಬರ್ 26ರಂದು ಮಿಲಾನ್‌ನ ಲಾ ಸ್ಕಾಲಾದಲ್ಲಿ ಬೆಲ್ಲಿನಿಯ 'ನೋರ್ಮಾ' ಶುರುವಾದಾಗ ಬರೆದವನು ಅದೇ ರೊಮಾನಿ, ಹಾಡಿದವಳು ಅದೇ ಪಾಸ್ತಾ. ಪ್ರಿಯಕರ ಬೇರೊಬ್ಬಳ ಹಿಂದೆ ಹೋಗಿದ್ದಾನೆ. ಮಲಗಿರುವ ಮಕ್ಕಳ ಮುಂದೆ ಕಠಾರಿ ಹಿಡಿದು ನಿಂತಿದ್ದಾಳೆ. ಹೆಸರು ಗಾಲ್ ದೇಶದ್ದು, ಕೈಯಲ್ಲಿರುವ ಕಠಾರಿ ಮೆಡೆಯಾದು. ನೋರ್ಮಾ ಕೊನೆಗೆ ಮಕ್ಕಳನ್ನು ಕೊಲ್ಲುವುದಿಲ್ಲ, ಅದೇ ಅವಳ ದೊಡ್ಡತನ. ಎರ್ಮಿಯೋನೆಗೆ ಅಂಥ ಅವಕಾಶವನ್ನು ಯಾರೂ ಕೊಡಲಿಲ್ಲ.

ಕೇಳಬೇಕು ಅನ್ನುವವರಿಗೆ: ಇಂಗ್ಲೆಂಡಿನ ಗ್ಲೈಂಡ್‌ಬೋರ್ನ್ ಒಪೆರಾ ಉತ್ಸವದಲ್ಲಿ 1995ರಲ್ಲಿ ಆನ್ನಾ ಕತೆರೀನಾ ಅಂತೋನಾಚ್ಚಿ ಮಾಡಿದ ಎರ್ಮಿಯೋನೆಯ ವಿಡಿಯೋ ಇದೆ. ಬರೀ ಕೇಳುವುದಕ್ಕಿಂತ ಅವಳ ಮುಖ ನೋಡುತ್ತಾ ಕೇಳಿ, ಅವಳು ಹಾಡದೆ ನಿಂತಿರುವಾಗಲೂ ಕಣ್ಣು ತೆಗೆಯಲಾಗುವುದಿಲ್ಲ. ದನಿಗೆ ಮಾತ್ರ ಗಮನ ಕೊಡಬೇಕೆಂದರೆ ಒಪೆರಾ ರಾರಾ ಅನ್ನುವ ಸಂಸ್ಥೆಯವರ ರೆಕಾರ್ಡಿಂಗ್ ಚೆನ್ನಾಗಿದೆ, ಕಾರ್ಮೆನ್ ಜನ್ನತ್ತಾಸಿಯೋ ಹಾಡಿರುವುದು. ಓವರ್ಚರ್ ದಾಟಿಸಿ ಮುಂದೆ ಹೋಗಬೇಡಿ, ದಯವಿಟ್ಟು.

ನಾಳೆ ಭಾನುವಾರ, ಮಾಯರ್‌ನ ಮೆಡೆಯಾ ಹಾಕಿಕೊಂಡು ಕೂರುತ್ತೇನೆ.