ಆ ಗ್ಲಾಸಿನ ಸದ್ದು ಇರಲಿ ಬಿಡಿ

"ಇಷ್ಟು ಒಳ್ಳೆ ರೆಕಾರ್ಡಿಂಗು! ಆ ಗ್ಲಾಸಿನ ಸದ್ದು, ಜನರ ಮಾತು ತೆಗೆದುಬಿಡಬಾರದಿತ್ತೇ?" ಈ ವಾರ ಕಿವಿಗೆ ಬಿದ್ದ ಈ ಮಾತು ತಲೆಯಿಂದ ಹೋಗುತ್ತಲೇ ಇಲ್ಲ. ಹೇಳಿದವರದು ಸೂಕ್ಷ್ಮ ಕಿವಿಯೇ. ಆದರೆ ಸದ್ದಿಲ್ಲದಿರುವುದೇ ಗುಣಮಟ್ಟ ಅಂದುಕೊಂಡಿದ್ದಾರೆ.

ಆ ರೆಕಾರ್ಡಿಂಗು ಬಿಲ್ ಇವಾನ್ಸ್ ಅವರ ಟ್ರಿಯೊ, ಅಂದರೆ ಮೂವರ ತಂಡ, 1961ರ ಜೂನ್ 25ರ ಭಾನುವಾರ ನ್ಯೂಯಾರ್ಕಿನ ಜಾಝ್ ಕ್ಲಬ್ ವಿಲೇಜ್ ವ್ಯಾನ್‌ಗಾರ್ಡ್‌ನಲ್ಲಿ ನುಡಿಸಿದ್ದು. ಇವಾನ್ಸ್ ಪಿಯಾನೊ, ಸ್ಕಾಟ್ ಲಫಾರೊ ಬೇಸ್ (ನಿಲ್ಲಿಸಿ ನುಡಿಸುವ ದೊಡ್ಡ ತಂತಿವಾದ್ಯ), ಪಾಲ್ ಮೋಷಿಯನ್ ಡ್ರಮ್ಸ್. ಹನ್ನೊಂದು ದಿನ ಕಳೆಯುವುದರೊಳಗೆ ಲಫಾರೊ ಕಾರು ಅಪಘಾತದಲ್ಲಿ ತೀರಿಕೊಂಡರು. ಆಗ ಅವರಿಗೆ 25 ವರ್ಷ.

ಗ್ಲಾಸಿನ ಸದ್ದನ್ನು ಸಾಫ್ಟ್‌ವೇರಿನಿಂದ ತೆಗೆಯಲು ಹೊರಟರೆ ಏನಾಗುತ್ತದೆ? ಸ್ನೇರ್ ಡ್ರಮ್ಮಿನ ಮೇಲೆ ಬ್ರಷ್ ಸವರುವ ಸದ್ದೂ ಸಿಂಬಲ್ ಎಂಬ ಲೋಹದ ತಟ್ಟೆಯ ನಾದ ಕರಗುವ ಬಾಲವೂ ಸಾಫ್ಟ್‌ವೇರಿನ ಲೆಕ್ಕದಲ್ಲಿ ಗದ್ದಲವೇ. ಗದ್ದಲದ ಜೊತೆ ಮೋಷಿಯನ್ ಅವರ ಕೈಯೂ ಸವೆಯುತ್ತದೆ. ಲಫಾರೊ ಅವರ ಬೆರಳು ಬೇಸಿನ ತಂತಿ ಬಿಟ್ಟ ಕ್ಷಣದ ಆ ಸಣ್ಣ 'ಟಕ್', ಅದರ ಹಿಂದೆಯೇ ಮರದ ಗುಂಯ್: ಇದೂ ಮಸುಕಾಗುತ್ತದೆ.

ಇನ್ನು ಹೈ-ರೆಸ್, ಅಂದರೆ ಸಿ.ಡಿ.ಯ 16 ಬಿಟ್‌ಗಿಂತ ಹೆಚ್ಚು ಬಿಟ್‌ಗಳ ಫೈಲುಗಳ, ಅಂಕಿಗಳ ಮೋಹ. 16 ಬಿಟ್‌ನ ವ್ಯಾಪ್ತಿ, ಅಂದರೆ ಅತಿ ಮೆಲ್ಲನೆಯ ಸದ್ದಿಗೂ ಅತಿ ಜೋರಿನ ಸದ್ದಿಗೂ ಇರುವ ಅಂತರ, ಸುಮಾರು 96 ಡೆಸಿಬಲ್. ಆ ಕಾಲದ ಟೇಪಿನ ಹಿಸ್ (ಸುಯ್ಯೆನ್ನುವ ಸದ್ದು) 16 ಬಿಟ್ ಹಿಡಿಯಬಲ್ಲ ಅತಿ ಮೆಲ್ಲನೆಯ ಸದ್ದಿಗಿಂತ ಬಹಳ ಮೇಲೆಯೇ ಇರುತ್ತದೆ. 24 ಬಿಟ್ ಫೈಲ್ ಚೆನ್ನಾಗಿ ಕೇಳಿಸಿದರೆ ಅದರ ಶ್ರೇಯ ಹೆಚ್ಚಾಗಿ ಟೇಪಿನಿಂದ ಜೋಪಾನವಾಗಿ ಇಳಿಸಿ ಮಾಸ್ಟರಿಂಗ್ (ಕೊನೆಯ ಹದ) ಮಾಡಿದವರದು.

ನೀವು ಕೂತು ಕೇಳುವ ಕೋಣೆ ಇದಕ್ಕಿಂತ ದೊಡ್ಡ ಕಳ್ಳ. ಬೇಸಿನ ಅತಿ ದಪ್ಪ ತಂತಿ ಸುಮಾರು 41 ಹರ್ಟ್ಜ್. ಕೋಣೆ 4.2 ಮೀಟರ್ ಉದ್ದವಿದ್ದರೆ ಅದರ ಮೊದಲ ಅನುರಣನವೂ (ಕೋಣೆಯೇ ದನಿಗೂಡಿಸಿ ಹಿಗ್ಗಿಸುವ ಸ್ವರ) ಅಲ್ಲೇ ಬೀಳುತ್ತದೆ. ಹಿಂಗೋಡೆಗೆ ಕುರ್ಚಿ ಒತ್ತಿ ಕೂತರೆ ಆ ಒಂದು ಸ್ವರ ಊದಿಕೊಂಡು ಉಳಿದದ್ದನ್ನು ನುಂಗುತ್ತದೆ. ನಟ್ಟನಡುವೆ ಕೂತರೆ ಅದೇ ಸ್ವರ ಮಾಯ. ಕುರ್ಚಿಯನ್ನು ಗೋಡೆಯಿಂದ ಒಂದು, ಒಂದೂವರೆ ಮೀಟರ್ ಮುಂದಕ್ಕೆ ತನ್ನಿ. ಸ್ಪೀಕರುಗಳನ್ನು ಮೂಲೆಯಿಂದ ಬಿಡಿಸಿ. ಎರಡು ಸ್ಪೀಕರು, ನಿಮ್ಮ ತಲೆ, ಮೂರೂ ಸಮಬಾಹು ತ್ರಿಕೋನವಾಗಲಿ. ಬ್ಲೂಟೂತ್ ಬದಲು ವೈರ್ ಹಾಕಿ, ಈಕ್ವಲೈಜರ್ ಆಫ್ ಮಾಡಿ. ವಾಲ್ಯೂಮನ್ನು ಪಕ್ಕದ ಮೇಜಿನವರ ಮಾತು ಮಾತಿನಷ್ಟೇ ಕೇಳುವ ಮಟ್ಟಕ್ಕೆ ನಿಲ್ಲಿಸಿ; ಅದನ್ನು ಅರಚಾಟವಾಗಿಸಬೇಡಿ.

ಆಮೇಲೆ ಲಫಾರೊ ಒಬ್ಬರೇ ನುಡಿಸುವ ಕಡೆ ಕಾಯಿರಿ. ಗ್ಲಾಸು ಬೇಸಿನ ಮೇಲೆ ಅಂಟಿಕೊಂಡಂತೆ ಕೇಳಿದರೆ ಕುರ್ಚಿಯನ್ನು ಇನ್ನೊಂದು ಗೇಣು ಸರಿಸಿ. ಅದು ಬೇಸಿನಿಂದ ದೂರದಲ್ಲಿ, ಬೇರೆ ಯಾರದೋ ಕೈಯಲ್ಲಿ ಕಿಣಿಕಿಣಿಗುಟ್ಟಬೇಕು.